ವೆಂಬ್ಲಿಯಲ್ಲಿ ಮೂರ್ಛೆ ಹೋದ ಗೋಲ್‌ಕೀಪರ್

1934ರ ಏಪ್ರಿಲ್ 28. ಲಂಡನ್ನಿನ ವೆಂಬ್ಲಿ ಕ್ರೀಡಾಂಗಣದಲ್ಲಿ ತೊಂಬತ್ತಮೂರು ಸಾವಿರಕ್ಕೂ ಮಿಕ್ಕಿ ಜನ ಸೇರಿದ್ದಾರೆ. ಇಂಗ್ಲೆಂಡಿನ ಫುಟ್‌ಬಾಲ್ ಪ್ರೇಮಿಗಳಿಗೆ ವರ್ಷದ ದೊಡ್ಡ ಹಬ್ಬವಾದ ಎಫ್.ಎ. ಕಪ್ ಫೈನಲ್ ಪಂದ್ಯ ಈಗಷ್ಟೇ ಮುಗಿದಿದೆ. ಮ್ಯಾಂಚೆಸ್ಟರ್ ಸಿಟಿ ತಂಡ ಪೋರ್ಟ್ಸ್‌ಮತ್ ತಂಡವನ್ನು 2-1ರಿಂದ ಸೋಲಿಸಿದೆ. ದೊರೆ ಐದನೇ ಜಾರ್ಜ್ ಬಹುಮಾನ ಕೊಡಲು ಕಾದಿದ್ದಾರೆ. ಗೆದ್ದ ತಂಡದ ಗೋಲ್‌ಕೀಪರ್ ಮಾತ್ರ ಕುಣಿಯುತ್ತಿಲ್ಲ, ಕೂಗುತ್ತಲೂ ಇಲ್ಲ. ಗೋಲಿನ ಬಲೆಯ ಹತ್ತಿರ ಇಟ್ಟಿದ್ದ ಟೋಪಿ, ಕೈಗವಸುಗಳನ್ನು ಎತ್ತಿಕೊಳ್ಳಲು ಬಗ್ಗಿದವನು ಹಾಗೆಯೇ ಹುಲ್ಲಿನ ಮೇಲೆ ಕುಸಿದು ಬಿದ್ದಿದ್ದಾನೆ! ಯಾರೂ ತಳ್ಳಿರಲಿಲ್ಲ, ಚೆಂಡೂ ತಗುಲಿರಲಿಲ್ಲ. ಆರಡಿ ಎರಡಂಗುಲ ಎತ್ತರದ ಆ ಆಜಾನುಬಾಹು ಮೂರ್ಛೆ ಹೋಗಿದ್ದ.

ಅವನ ಹೆಸರು ಫ್ರಾಂಕ್ ಸ್ವಿಫ್ಟ್. ವಯಸ್ಸು ಇಪ್ಪತ್ತು. ಮೊದಲ ದರ್ಜೆಯ ಪಂದ್ಯಗಳನ್ನು ಆಡಲು ತೊಡಗಿ ನಾಲ್ಕು ತಿಂಗಳಾಗಿತ್ತು, ಅಷ್ಟೆ.

ನೀರು ಚಿಮುಕಿಸಿ, ಎಬ್ಬಿಸಿ, ಹೇಗೋ ನಡೆಸಿಕೊಂಡು ಹೋಗಿ ಪದಕ ಕೊಡಿಸಿದರು. ಕೆಲವೇ ದಿನಗಳಲ್ಲಿ ಅರಮನೆಯಿಂದ ತಂತಿ ಬಂತು. ಹುಡುಗನ ಆರೋಗ್ಯ ಈಗ ಹೇಗಿದೆ ಎಂದು ದೊರೆ ವಿಚಾರಿಸಿದ್ದರು.

ಬೆಳಗಿನ ಪ್ರಾರ್ಥನೆಯ ಸಾಲಿನಲ್ಲಿ ತಟಕ್ಕನೆ ಕುಸಿಯುವ ಮಕ್ಕಳನ್ನು ಪ್ರತಿ ಶಾಲೆಯೂ ಕಂಡಿದೆ. ಸ್ವಿಫ್ಟ್‌ಗೆ ಆದದ್ದು ಅದರ ಸೋದರಸಂಬಂಧಿ. ಭಯ, ಆತಂಕಗಳಿದ್ದಾಗ ದೇಹ ಅಡ್ರಿನಲಿನ್ ಸ್ರವಿಸುತ್ತದೆ. ಹೃದಯ ವೇಗವಾಗಿ ಬಡಿಯುತ್ತದೆ, ರಕ್ತದ ಒತ್ತಡ ಏರುತ್ತದೆ. ಬಹಳ ಹೊತ್ತು ಹೀಗೆ ಬಿಗಿದುಕೊಂಡಿದ್ದ ದೇಹಕ್ಕೆ 'ಎಲ್ಲ ಮುಗಿಯಿತು' ಎಂಬ ಸುದ್ದಿ ಒಮ್ಮೆಲೇ ಮುಟ್ಟಿದಾಗ ಕೆಲವರಲ್ಲಿ ವೇಗಸ್ ಎಂಬ ನರ ಹೃದಯದ ಬಡಿತವನ್ನು ಅತಿಯಾಗಿ ತಗ್ಗಿಸಿಬಿಡುತ್ತದೆ. ಕಾಲುಗಳ ರಕ್ತನಾಳಗಳು ಸಡಿಲಗೊಂಡು ರಕ್ತ ಕೆಳಗೇ ನಿಲ್ಲುತ್ತದೆ. ಮಿದುಳಿಗೆ ರಕ್ತ ಸಾಲದೆ ಕಣ್ಣು ಕತ್ತಲಿಟ್ಟು ಬೀಳುತ್ತಾರೆ. ಬಿದ್ದು ಅಡ್ಡವಾದೊಡನೆ ತಲೆಗೆ ರಕ್ತ ಹರಿದು ಎಚ್ಚರವಾಗುತ್ತದೆ. ಆದ್ದರಿಂದಲೇ ಮೂರ್ಛೆ ಬಂದವರನ್ನು ಎಬ್ಬಿಸಿ ಕೂರಿಸಬಾರದು; ಮಲಗಿಸಿ, ಕಾಲುಗಳನ್ನು ತುಸು ಎತ್ತರದಲ್ಲಿಡಬೇಕು.

ದೇಹದ ಮಾತು ಇಷ್ಟಾಯಿತು. ಆ ಹುಡುಗನ ಮನಸ್ಸು ಅಷ್ಟೊಂದು ಬಿಗಿದುಕೊಳ್ಳಲು ಕಾರಣವೇನು?

ಸ್ವಿಫ್ಟ್ ಹುಟ್ಟಿದ್ದು 1913ರ ಡಿಸೆಂಬರ್ 26ರಂದು, ಇಂಗ್ಲೆಂಡಿನ ವಾಯವ್ಯ ಕರಾವಳಿಯ ಬ್ಲ್ಯಾಕ್‌ಪೂಲ್‌ನಲ್ಲಿ. ಗಿರಣಿ ಊರುಗಳ ಕೂಲಿಕಾರರು ರಜೆ ಕಳೆಯಲು ಬರುತ್ತಿದ್ದ ಕಡಲತೀರದ ಪಟ್ಟಣ ಅದು. ಅಣ್ಣ ಫ್ರೆಡ್ ಕೂಡ ಗೋಲ್‌ಕೀಪರ್. ತಮ್ಮನಿಗೆ ಊರಿನ ಗ್ಯಾಸ್ ಕಾರ್ಖಾನೆಯಲ್ಲಿ ಕೋಕ್ ನೋಡಿಕೊಳ್ಳುವ ಕೆಲಸ. ಕಲ್ಲಿದ್ದಲನ್ನು ಗಾಳಿ ಸೋಕದಂತೆ ಕಾಯಿಸಿದರೆ ಅನಿಲ ಹೊರಟುಹೋಗಿ ಉಳಿಯುವ ಪದಾರ್ಥವೇ ಕೋಕ್ ಎಂಬುದನ್ನು ಪ್ರೌಢಶಾಲೆಯ ಮಕ್ಕಳು ಓದಿರುತ್ತಾರೆ. ಫ್ಲೀಟ್‌ವುಡ್ ಎಂಬ ಪಕ್ಕದ ಊರಿನ ತಂಡಕ್ಕೆ ಆಡುತ್ತಿದ್ದವನನ್ನು 1932ರಲ್ಲಿ ಮ್ಯಾಂಚೆಸ್ಟರ್ ಸಿಟಿ ಸೇರಿಸಿಕೊಂಡಿತು.

1933ರಲ್ಲೂ ಸಿಟಿ ತಂಡ ಫೈನಲ್ ತಲುಪಿತ್ತು. ಆಗ ಸ್ವಿಫ್ಟ್ ಇನ್ನೂ ಕೆಳಗಿನ ತಂಡಗಳ ಆಟಗಾರ. ಗೆಳೆಯನೊಬ್ಬನ ಜೊತೆ ಮೋಟಾರ್ ಸೈಕಲ್ಲಿನಲ್ಲಿ ಲಂಡನ್ನಿಗೆ ಹೋಗಿ, ತನ್ನ ಕ್ಲಬ್ಬು ಎವರ್ಟನ್‌ಗೆ 3-0ಯಿಂದ ಸೋತದ್ದನ್ನು ಪ್ರೇಕ್ಷಕರ ನಡುವೆ ನಿಂತು ನೋಡಿ ಬಂದ. ಅಂದು ಬಲೆಯ ಮುಂದೆ ನಿಂತಿದ್ದವನ ಜಾಗ ಒಂದು ವರ್ಷದೊಳಗೆ ತನ್ನದಾಗುತ್ತದೆಂದು ಅವನು ಕನಸಿನಲ್ಲೂ ಎಣಿಸಿರಲಾರ.

ಅವಕಾಶ ಬಂದದ್ದು 1933ರ ಕ್ರಿಸ್ಮಸ್ ದಿನ. ಹಬ್ಬದ ದಿನವೂ ಪಂದ್ಯಗಳಿರುತ್ತಿದ್ದ ಕಾಲ ಅದು. ಡರ್ಬಿ ತಂಡದ ಎದುರು ಮೊದಲ ಪಂದ್ಯ. ನಾಲ್ಕು ಗೋಲು ಬಿಟ್ಟುಕೊಟ್ಟು ಸೋತರು. ಮಾರನೆಯ ದಿನ ಅವನ ಇಪ್ಪತ್ತನೆಯ ಹುಟ್ಟುಹಬ್ಬ. ಅದೇ ಡರ್ಬಿಯ ಮೇಲೆ ಗೆಲುವು.   ಮೊದಲ ಪಂದ್ಯದ ಸೋಲಿನ ನಂತರ ಕ್ಲಬ್ಬಿನವರು ಮನಸ್ಸು ಮಾಡಿದ್ದರೆ ಹುಡುಗನನ್ನು ಅಲ್ಲಿಗೇ ಮೂಲೆಗೆ ಕೂರಿಸಬಹುದಿತ್ತು. ಹಾಗೆ ಮಾಡಲಿಲ್ಲ ಎಂಬುದೇ ಈ ಕಥೆಯ ದೊಡ್ಡ ಸಂಗತಿ. ಮಾರ್ಚಿಯಲ್ಲಿ ಸ್ಟೋಕ್ ವಿರುದ್ಧದ ಕಪ್ ಪಂದ್ಯಕ್ಕೆ ಮ್ಯಾಂಚೆಸ್ಟರಿನ ಮೇನ್ ರೋಡ್ ಮೈದಾನದಲ್ಲಿ 84,569 ಜನ ಕಿಕ್ಕಿರಿದಿದ್ದರು. ಅಂದು ಅವನು ಒಂದು ಗೋಲನ್ನೂ ಬಿಡಲಿಲ್ಲ. ಸೆಮಿಫೈನಲ್‌ನಲ್ಲಿ ಆಸ್ಟನ್ ವಿಲ್ಲಾ ತಂಡವನ್ನು ಸಿಟಿ 6-1ರಿಂದ ಹೊಡೆದುಹಾಕಿತು. ಹೀಗೆ ಹುಡುಗ ವೆಂಬ್ಲಿಗೆ ಬಂದ.

ಫೈನಲ್ಲಿನ ಹಿಂದಿನ ರಾತ್ರಿ ಅವನ ಕೋಣೆಯಲ್ಲಿ ಜೊತೆಗಿದ್ದವನು ನಾಯಕ ಸ್ಯಾಮ್ ಕೊವಾನ್. ಕಾಲಿನ ಹೆಬ್ಬೆರಳು ಕೀವಾಗಿ ನೋಯುತ್ತಿದ್ದುದರಿಂದ ಕೊವಾನ್ ಬಿಸಿನೀರಿನ ಪಾತ್ರೆಯಲ್ಲಿ ಕಾಲಿಟ್ಟುಕೊಂಡು ಕುಳಿತಿದ್ದ. ಹಾಗೆ ಕುಳಿತು ರಾತ್ರಿ ಮೂರು ಗಂಟೆಯವರೆಗೂ ಹುಡುಗನೊಂದಿಗೆ ಅದೂ ಇದೂ ಹರಟಿದ. ನಾಳೆ ಪಂದ್ಯವಿದೆ, ಬೇಗ ಮಲಗು ಎನ್ನಲಿಲ್ಲ. ಬೇಗ ದೀಪ ಆರಿಸಿದ್ದರೆ ಹುಡುಗ ಕತ್ತಲಲ್ಲಿ ಕಣ್ಣು ಬಿಟ್ಟುಕೊಂಡು ನಾಳೆಯನ್ನೇ ನೆನೆಯುತ್ತಾನೆಂದು ಬಲ್ಲವನಾಗಿದ್ದ. ತಡವಾಗಿ ಮಲಗಿದ ಸ್ವಿಫ್ಟ್ ತಡವಾಗಿ ಎದ್ದ. ಚಿಂತಿಸಲು ಉಳಿದ ಸಮಯ ಅಷ್ಟರಮಟ್ಟಿಗೆ ಕಡಿಮೆಯಾಯಿತು. ಪರೀಕ್ಷೆಯ ಹಿಂದಿನ ರಾತ್ರಿ ಮಕ್ಕಳಿಗೆ ಉಪದೇಶದ ಮೇಲೆ ಉಪದೇಶ ಕೊಡುವ ತಂದೆತಾಯಿಯರು ಕೊವಾನ್‌ನ ಬಿಸಿನೀರಿನ ಪಾತ್ರೆಯನ್ನು ಒಮ್ಮೆ ನೆನಪಿಸಿಕೊಳ್ಳಬಹುದು.

ಬಟ್ಟೆ ಬದಲಿಸುವ ಕೋಣೆಯಲ್ಲಿ ಮತ್ತೊಂದು ಫಜೀತಿ. ತಂಡದ ಅನುಭವಿ ಆಟಗಾರನೊಬ್ಬನ ಕೈ ನಡುಗಿ, ಬೂಟಿನ ಲಾಡಿಯನ್ನು ಬೇರೆಯವರು ಕಟ್ಟಬೇಕಾಯಿತು. ಅದನ್ನು ಕಂಡು ಸ್ವಿಫ್ಟ್‌ನ ಮುಖ ಬಿಳಿಚಿತು. ಅನುಭವಸ್ಥನಿಗೇ ಹೀಗಾದರೆ ನನ್ನ ಗತಿಯೇನು! ತರಬೇತುದಾರ ಅಲೆಕ್ ಬೆಲ್ ಅವನನ್ನು ಬಚ್ಚಲಿಗೆ ಎಳೆದುಕೊಂಡು ಹೋಗಿ ಕೆನ್ನೆಗೆ ಬಾರಿಸಿ, ಒಂದು ಗುಟುಕು ವಿಸ್ಕಿ ಕುಡಿಸಿದನಂತೆ. ಈ ಚಿಕಿತ್ಸೆಯನ್ನು ಯಾರೂ ಅನುಕರಿಸಬೇಕಾಗಿಲ್ಲ. ಅಲ್ಲಿ ಫಲಿಸಿತೋ ಇಲ್ಲವೋ ಎಂಬುದೂ ಸಂದೇಹವೇ. ಹಿಂದಿನ ರಾತ್ರಿಯ ಹರಟೆ ಇದಕ್ಕಿಂತ ಎಷ್ಟೋ ಪಾಲು ಮೇಲು.

ಮಳೆ ಬಿದ್ದು ಮೈದಾನ ಒದ್ದೆಯಾಗಿತ್ತು. ಕೈಗವಸು ಹಾಕಿಕೊಳ್ಳಬೇಕೇ ಬೇಡವೇ ಎಂದು ಸ್ವಿಫ್ಟ್‌ಗೆ ಅನುಮಾನ. ಎದುರು ತಂಡದ ಗೋಲ್‌ಕೀಪರ್ ಗಿಲ್‌ಫಿಲನ್ ಕಡೆ ನೋಡಿದ. ಆತ ಬರಿಗೈಲಿದ್ದ. ತಾನೂ ಕೈಗವಸು ತೆಗೆದು ಬಲೆಯ ಬಳಿ ಇಟ್ಟ. ಸುಮಾರು ಅರ್ಧ ಗಂಟೆಯ ಹೊತ್ತಿಗೆ ಪೋರ್ಟ್ಸ್‌ಮತ್‌ನ ರದರ್‌ಫೋರ್ಡ್ ಹೊಡೆದ ಚೆಂಡು ಸ್ವಿಫ್ಟ್‌ನ ಬೆರಳುಗಳಿಗೆ ತಾಗಿ, ಜಾರಿ ಬಲೆ ಸೇರಿತು.

ಚರ್ಮ, ಚರ್ಮಗಳ ನಡುವೆ ತೆಳುವಾದ ನೀರಿನ ಪದರ ನಿಂತಾಗ ಘರ್ಷಣೆ ಕಡಿಮೆಯಾಗುತ್ತದೆ. ಅಂದಿನ ಗೋಲ್‌ಕೀಪರುಗಳು ಒದ್ದೆ ದಿನಗಳಲ್ಲಿ ಉಣ್ಣೆಯ ಕೈಗವಸು ಹಾಕುತ್ತಿದ್ದುದು ಇದಕ್ಕಾಗಿಯೇ. ಉಣ್ಣೆ ಆ ಪದರವನ್ನು ಹೀರಿ, ಒರಟು ಎಳೆಗಳಿಂದ ಚೆಂಡನ್ನು ಹಿಡಿಯುತ್ತದೆ. ಕೈಗವಸು ಹಾಕಿದ್ದರೆ ಆ ಚೆಂಡು ಸಿಗುತ್ತಿತ್ತೆಂದು ಸ್ವಿಫ್ಟ್ ಬದುಕಿಡೀ ನಂಬಿದ್ದ. ಪಕ್ಕದವನ ಉತ್ತರಪತ್ರಿಕೆ ನೋಡಿ ತನ್ನ ಸರಿಯುತ್ತರವನ್ನು ಹೊಡೆದುಹಾಕಿದಂತಾಯಿತು!

ವಿರಾಮದಲ್ಲಿ ಅವನು ತಲೆ ಎತ್ತಲಾರದೆ ಕುಳಿತಿದ್ದ. ಫಾರ್ವರ್ಡ್ ಆಟಗಾರ ಫ್ರೆಡ್ ಟಿಲ್ಸನ್ ಹತ್ತಿರ ಬಂದು, ಅಷ್ಟಕ್ಕೇಕೆ ಮುಖ ಸಣ್ಣ ಮಾಡಿದ್ದೀಯ, ಮುಂದಿನ ಅರ್ಧದಲ್ಲಿ ನಾನು ಎರಡು ಹೊಡೆಯುತ್ತೇನೆ ಎಂದನಂತೆ. ಬಾಯಿಮಾತಿನ ಸಮಾಧಾನ ಯಾರೂ ಹೇಳಬಲ್ಲರು. ಟಿಲ್ಸನ್ ಮಾತ್ರ ಕೊನೆಯ ಇಪ್ಪತ್ತು ನಿಮಿಷಗಳೊಳಗೆ ಎರಡು ಗೋಲು ಹೊಡೆದೇಬಿಟ್ಟ. ಎರಡನೆಯದು ಬಿದ್ದಾಗ ಪಂದ್ಯ ಮುಗಿಯಲು ಕೆಲವೇ ನಿಮಿಷಗಳಿದ್ದವು.

ಆ ಕೆಲವು ನಿಮಿಷಗಳೇ ಹುಡುಗನನ್ನು ಹಣ್ಣುಗಾಯಿ ಮಾಡಿದ್ದು. ಬಲೆಯ ಹಿಂದೆ ಕುಳಿತಿದ್ದ ಛಾಯಾಗ್ರಾಹಕರು ಅವನ ಕಳವಳ ಕಂಡು, ಉಪಕಾರವಾಗಲೆಂದು, ಇನ್ನು ಮೂರು ನಿಮಿಷ, ಇನ್ನು ಎರಡು, ಇನ್ನೊಂದು ಎಂದು ಗಡಿಯಾರ ನೋಡಿ ಎಣಿಸತೊಡಗಿದರು. ಉದ್ದೇಶ ಒಳ್ಳೆಯದೇ. ಆದರೆ ಪರೀಕ್ಷಾ ಕೊಠಡಿಯ ಕಿಟಕಿಯಲ್ಲಿ ಇಣುಕಿ ವಾಚು ತೋರಿಸುವ ಪೋಷಕರದೂ ಒಳ್ಳೆಯ ಉದ್ದೇಶವೇ. ರೆಫರಿಯ ಸೀಟಿ ಕೇಳಿತು, ಹುಡುಗ ಬಗ್ಗಿದ, ಬಿದ್ದ. ಅಂದಹಾಗೆ, ಆ ರೆಫರಿ ಸ್ಟ್ಯಾನ್ಲಿ ರೌಸ್ ವೃತ್ತಿಯಿಂದ ಶಾಲಾ ಮಾಸ್ತರ. ಮುಂದೆ 1961ರಿಂದ 1974ರವರೆಗೆ ವಿಶ್ವ ಫುಟ್‌ಬಾಲ್ ಸಂಸ್ಥೆ ಫಿಫಾದ ಅಧ್ಯಕ್ಷನಾಗಿದ್ದ.

ಇಂಥ ಹೆದರುಪುಕ್ಕಲ ಹುಡುಗ ಮುಂದೆ ಏನಾದ ಎಂಬ ಪ್ರಶ್ನೆ ಬರುವುದು ಸಹಜ. ಇಂಗ್ಲೆಂಡಿನ ಅತ್ಯಂತ ನಗೆಮುಖದ ಗೋಲ್‌ಕೀಪರ್ ಆದ! ಹಿಂದೆ ನಿಂತ ಪ್ರೇಕ್ಷಕರೊಂದಿಗೆ ಮಾತು, ಎದುರಾಳಿಗಳೊಂದಿಗೆ ತಮಾಷೆ. ಕೈಯೋ, ಹೆಬ್ಬೆರಳಿನಿಂದ ಕಿರುಬೆರಳಿಗೆ ಹೆಚ್ಚುಕಡಿಮೆ ಒಂದಡಿ ಅಗಲ. ಫುಟ್‌ಬಾಲಿನ ಅಡ್ಡಳತೆ ಸುಮಾರು 22 ಸೆಂಟಿಮೀಟರ್. ನಾವು ಸುಲಿದ ತೆಂಗಿನಕಾಯಿ ಹಿಡಿಯುವ ಹಾಗೆ ಅವನು ಚೆಂಡನ್ನು ಒಂದೇ ಕೈಯಲ್ಲಿ ಹಿಡಿಯಬಲ್ಲವನಾಗಿದ್ದ. ಇದರಿಂದ ಆಟಕ್ಕೇ ಒಂದು ಹೊಸತು ಬಂತು. ಅಲ್ಲಿಯವರೆಗೆ ಗೋಲ್‌ಕೀಪರ್ ಎಂದರೆ ಸಿಕ್ಕ ಚೆಂಡನ್ನು ದೂರಕ್ಕೆ ಒದೆಯುವವನು. ಅದು ಯಾರ ಕಾಲಿಗೆ ಸಿಗುತ್ತದೋ ಅವರ ಅದೃಷ್ಟ. ಸ್ವಿಫ್ಟ್ ಚೆಂಡನ್ನು ಕೈಯಿಂದಲೇ ಎಸೆದು, ಬಯಲಾಗಿ ನಿಂತ ತನ್ನವನಿಗೇ ತಲಪಿಸುತ್ತಿದ್ದ. ಕಾಲಿಗಿಂತ ಕೈಗೆ ಗುರಿ ಹೆಚ್ಚು. ಎದುರಾಳಿಯ ದಾಳಿಯನ್ನು ತಡೆದ ಕ್ಷಣದಲ್ಲೇ ತನ್ನ ತಂಡದ ದಾಳಿ ಆರಂಭವಾಗುತ್ತಿತ್ತು. ಇಂದು ಟಿ.ವಿ.ಯಲ್ಲಿ ಕಾಣುವ ಗೋಲ್‌ಕೀಪರುಗಳೆಲ್ಲ ಮಾಡುವುದು ಇದನ್ನೇ.

1936-37ರಲ್ಲಿ ಸಿಟಿ ತಂಡ 107 ಗೋಲು ಹೊಡೆದು ಲೀಗ್ ಚಾಂಪಿಯನ್ ಆಯಿತು. ಮರುವರ್ಷದ ಫಲಿತಾಂಶ ಗಣಿತ ಮೇಷ್ಟರನ್ನೂ ತಬ್ಬಿಬ್ಬು ಮಾಡುವಂಥದು. ಆ ವಿಭಾಗದಲ್ಲೇ ಅತಿ ಹೆಚ್ಚು, ಅಂದರೆ 80 ಗೋಲು ಹೊಡೆದರು, ಬಿಟ್ಟುಕೊಟ್ಟದ್ದು 77. ಹೊಡೆದದ್ದೇ ಹೆಚ್ಚಾದರೂ ಎರಡನೆಯ ವಿಭಾಗಕ್ಕೆ ಹಿಂಬಡ್ತಿ! ದೊಡ್ಡ ಅಂತರದ ಗೆಲುವುಗಳು ಕೆಲವು, ಸಣ್ಣ ಅಂತರದ ಸೋಲುಗಳು ಹಲವು. ಒಟ್ಟು ಮೊತ್ತ ನೋಡಿ ತೀರ್ಮಾನಕ್ಕೆ ಬರಬಾರದೆನ್ನಲು ಇದಕ್ಕಿಂತ ಒಳ್ಳೆಯ ಉದಾಹರಣೆ ಸಿಗುವುದು ಕಷ್ಟ.

ಗೋಲ್‌ಕೀಪರಿನ ಕೆಲಸ ಆಗ ಅಪಾಯದ್ದಾಗಿತ್ತು. ಚೆಂಡು ಹಿಡಿದು ನಿಂತವನನ್ನು ಭುಜದಿಂದ ಗುದ್ದಿ ಬಲೆಯೊಳಕ್ಕೆ ತಳ್ಳುವುದಕ್ಕೂ ನಿಯಮದ ಅಡ್ಡಿಯಿರಲಿಲ್ಲ. 1936ರ ಫೆಬ್ರವರಿ 1ರಂದು ಸಂಡರ್‌ಲ್ಯಾಂಡ್ ತಂಡದ ಗೋಲ್‌ಕೀಪರ್ ಜಿಮ್ಮಿ ಥಾರ್ಪ್, ಚೆಲ್ಸಿ ವಿರುದ್ಧದ ಪಂದ್ಯದಲ್ಲಿ ತಲೆ, ಎದೆಗೆ ಒದೆ ತಿಂದು, ನಾಲ್ಕು ದಿನಗಳಲ್ಲಿ ಸತ್ತ. ವಯಸ್ಸು 22. ಅವನಿಗೆ ಸಕ್ಕರೆ ಕಾಯಿಲೆಯೂ ಇತ್ತು. ಪೆಟ್ಟು ಅದರ ಜೊತೆ ಸೇರಿ ಪ್ರಾಣಕ್ಕೆ ಎರವಾಯಿತೆಂದು ವಿಚಾರಣೆಯಲ್ಲಿ ತಿಳಿಯಿತು. ಆ ವರ್ಷ ಸಂಡರ್‌ಲ್ಯಾಂಡ್ ಲೀಗ್ ಗೆದ್ದಾಗ ಪದಕವನ್ನು ಅವನ ವಿಧವೆಗೆ ಕೊಡಲಾಯಿತು. ಗೋಲ್‌ಕೀಪರ್ ಚೆಂಡನ್ನು ತೋಳಲ್ಲಿ ಹಿಡಿದಿರುವಾಗ ಅವನತ್ತ ಕಾಲೆತ್ತಬಾರದೆಂಬ ನಿಯಮ ಬಂದದ್ದು ಆಮೇಲೆ. ಒಂದು ಜೀವ ಹೋದ ಮೇಲೆ.

ಇಷ್ಟೆಲ್ಲ ಗಂಡಾಂತರಕ್ಕೆ ಸಂಬಳವೆಷ್ಟು? ಎಷ್ಟೇ ದೊಡ್ಡ ಆಟಗಾರನಾದರೂ ವಾರಕ್ಕೆ 8 ಪೌಂಡಿಗಿಂತ ಹೆಚ್ಚು ಕೊಡುವಂತಿರಲಿಲ್ಲ. 1922ರಿಂದ ಮಹಾಯುದ್ಧದವರೆಗೂ ಇದೇ ಮಿತಿ. ಯುದ್ಧದ ನಂತರ ತುಸು ಏರಿತಾದರೂ, ಗರಿಷ್ಠ ವೇತನದ ಕಟ್ಟಳೆ ಪೂರಾ ರದ್ದಾದದ್ದು 1961ರಲ್ಲಿ. ಕಾಲು ಮುರಿದರೆ, ವಯಸ್ಸಾದರೆ ಮುಂದೇನು ಎಂಬ ಚಿಂತೆ ಪ್ರತಿ ಆಟಗಾರನ ಮನೆಯಲ್ಲೂ ಇತ್ತು.

1939ರಲ್ಲಿ ಯುದ್ಧ ಬಂದು ಲೀಗ್ ನಿಂತಾಗ ಸ್ವಿಫ್ಟ್‌ಗೆ 25 ವರ್ಷ. ವಿಶೇಷ ಪೊಲೀಸ್ ದಳ ಸೇರಿದ. ಮೊದಲ ದಿನವೇ ಚೌಕದಲ್ಲಿ ನಿಲ್ಲಿಸಿ ವಾಹನ ಸಂಚಾರ ನಿಯಂತ್ರಿಸಲು ಹೇಳಿದರಂತೆ. ಕೈ ಆಡಿಸಿ ಆಡಿಸಿ ನಾಲ್ಕೂ ದಿಕ್ಕಿನ ಗಾಡಿಗಳು ಸಿಕ್ಕಿಹಾಕಿಕೊಂಡಾಗ, ನೀವೇ ಬಿಡಿಸಿಕೊಳ್ಳಿ ಎಂಬಂತೆ ಅಲ್ಲಿಂದ ನಡೆದುಬಿಟ್ಟನಂತೆ! ಆಮೇಲೆ ಸೈನ್ಯದಲ್ಲಿದ್ದ. ಆಟಗಾರನೊಬ್ಬನ ಬಾಳಿನ ಅತ್ಯುತ್ತಮ ಆರೇಳು ವರ್ಷಗಳನ್ನು ಯುದ್ಧ ನುಂಗಿತು. ಯುದ್ಧಕಾಲದಲ್ಲಿ ಇಂಗ್ಲೆಂಡಿಗಾಗಿ ಆಡಿದ ಪಂದ್ಯಗಳು ಅಧಿಕೃತ ಲೆಕ್ಕಕ್ಕೆ ಸೇರಲಿಲ್ಲ. ಮೊದಲ ಅಧಿಕೃತ ಅಂತರರಾಷ್ಟ್ರೀಯ ಪಂದ್ಯ ಆಡಿದಾಗ, 1946ರ ಸೆಪ್ಟೆಂಬರಿನಲ್ಲಿ, ಅವನಿಗೆ ಮೂವತ್ತೆರಡು ದಾಟಿತ್ತು. ಆದರೂ 19 ಪಂದ್ಯ ಆಡಿದ. 1948ರ ಮೇ 16ರಂದು ಟ್ಯೂರಿನ್‌ನಲ್ಲಿ ಇಟಲಿಯ ಎದುರು ಅವನೇ ನಾಯಕ. ಇಪ್ಪತ್ತನೆಯ ಶತಮಾನದಲ್ಲಿ ಗೋಲ್‌ಕೀಪರೊಬ್ಬ ಇಂಗ್ಲೆಂಡಿನ ನಾಯಕನಾದದ್ದು ಅದೇ ಮೊದಲು. ಇಂಗ್ಲೆಂಡ್ 4-0ಯಿಂದ ಗೆದ್ದಿತು. ವೆಂಬ್ಲಿಯಲ್ಲಿ ಬಿದ್ದ ದಿನಕ್ಕೂ ಇದಕ್ಕೂ ಹದಿನಾಲ್ಕು ವರ್ಷಗಳ ಅಂತರ.

1949ರಲ್ಲಿ, ಇನ್ನೂ ಆಡುವ ಶಕ್ತಿಯಿರುವಾಗಲೇ, ನಿವೃತ್ತಿ ಹೇಳಿದ. ಅವನ ಜಾಗಕ್ಕೆ ಬಂದ ಯುವಕ ಕ್ಷಯರೋಗಕ್ಕೆ ತುತ್ತಾದಾಗ ಕ್ಲಬ್ಬಿನ ಕಷ್ಟ ನೋಡಿ ಕೆಲವು ಪಂದ್ಯಗಳಿಗೆ ಮರಳಿ ಬಂದ. ಆ ವರ್ಷವೇ ಸಿಟಿ ಕ್ಲಬ್ಬು ಬರ್ಟ್ ಟ್ರೌಟ್‌ಮನ್ ಎಂಬ ಜರ್ಮನ್ ಮಾಜಿ ಯುದ್ಧಕೈದಿಯನ್ನು ಗೋಲ್‌ಕೀಪರಾಗಿ ತಂದಿತು. ಸಾವಿರಾರು ಜನ ಬೀದಿಗಿಳಿದು ವಿರೋಧಿಸಿದರು. 1956ರ ಕಪ್ ಫೈನಲ್‌ನಲ್ಲಿ ಕತ್ತಿನ ಮೂಳೆ ಮುರಿದಿದ್ದರೂ ಕೊನೆಯವರೆಗೆ ಆಡಿ ಸಿಟಿಗೆ ಕಪ್ ಗೆದ್ದುಕೊಟ್ಟವನು ಅದೇ ಟ್ರೌಟ್‌ಮನ್.

ಸ್ವಿಫ್ಟ್ ಪತ್ರಕರ್ತನಾದ. 'ನ್ಯೂಸ್ ಆಫ್ ದಿ ವರ್ಲ್ಡ್' ಎಂಬ ಭಾನುವಾರದ ಪತ್ರಿಕೆಗೆ (ಅದು 2011ರಲ್ಲಿ ನಿಂತುಹೋಯಿತು) ಫುಟ್‌ಬಾಲ್ ಪಂದ್ಯಗಳ ವರದಿ ಬರೆಯುತ್ತಿದ್ದ. 1958ರ ಫೆಬ್ರವರಿಯಲ್ಲಿ ಮ್ಯಾಂಚೆಸ್ಟರ್ ಯುನೈಟೆಡ್ ತಂಡದ ಜೊತೆ ಬೆಲ್‌ಗ್ರೇಡ್‌ಗೆ ಹೋದದ್ದು ಆ ಕೆಲಸಕ್ಕಾಗಿಯೇ. ಸಿಟಿಗೂ ಯುನೈಟೆಡ್‌ಗೂ ಒಂದೇ ಊರಿನ ಪೈಪೋಟಿ. ಆದರೆ ಯುನೈಟೆಡ್‌ನ ಮ್ಯಾನೇಜರ್ ಮ್ಯಾಟ್ ಬಸ್ಬಿ, 1934ರ ಫೈನಲ್‌ನಲ್ಲಿ ಸಿಟಿ ತಂಡದಲ್ಲಿ ಸ್ವಿಫ್ಟ್‌ನ ಮುಂದೆಯೇ ಆಡಿದವನು.

ಪಂದ್ಯ 3-3ರಲ್ಲಿ ಮುಗಿಯಿತು, ಯುನೈಟೆಡ್ ಯುರೋಪಿಯನ್ ಕಪ್ಪಿನ ಸೆಮಿಫೈನಲ್ ತಲುಪಿತು. ಫೆಬ್ರವರಿ 6ರಂದು ವಾಪಸು ಬರುವಾಗ ವಿಮಾನ ಇಂಧನಕ್ಕಾಗಿ ಮ್ಯೂನಿಕ್‌ನಲ್ಲಿ ಇಳಿಯಿತು. ಹಿಮ ಬೀಳುತ್ತಿತ್ತು. ಎಂಜಿನ್ನಿನ ತೊಂದರೆಯಿಂದ ಎರಡು ಬಾರಿ ಮೇಲೇರುವ ಪ್ರಯತ್ನ ಕೈಬಿಟ್ಟರು. ಮೂರನೆಯ ಪ್ರಯತ್ನದಲ್ಲಿ ವೇಗ 117 ನಾಟ್, ಅಂದರೆ ಗಂಟೆಗೆ ಸುಮಾರು 217 ಕಿಲೋಮೀಟರ್ ತಲುಪಿತು. ನೆಲ ಬಿಡಲು ಬೇಕಾದದ್ದು 119 ನಾಟ್. ಎರಡೇ ನಾಟ್ ಬಾಕಿ! ಆದರೆ ಏರಬೇಕಾದ ವೇಗ 105ಕ್ಕೆ ಇಳಿಯಿತು. ರನ್‌ವೇಯ ಕೊನೆಯ ಭಾಗದಲ್ಲಿ ಅರ್ಧ ಕರಗಿದ ಹಿಮ ರಾಡಿಯಾಗಿ ನಿಂತಿತ್ತು. ಒಣ ರಸ್ತೆಯಲ್ಲಿ ಓಡುವ ಸೈಕಲ್ಲು ಕೆಸರಿಗೆ ನುಗ್ಗಿದರೆ ಪೆಡಲ್ ಎಷ್ಟು ತುಳಿದರೂ ಮುಗ್ಗರಿಸುವುದಿಲ್ಲವೇ, ಹಾಗೆ. ಹಾರಲೂ ಆಗದೆ, ನಿಲ್ಲಲೂ ಜಾಗವಿಲ್ಲದೆ ವಿಮಾನ ಬೇಲಿ ಮುರಿದು ಮನೆಯೊಂದಕ್ಕೆ ಅಪ್ಪಳಿಸಿತು. ಅದರಲ್ಲಿದ್ದ 44 ಜನರಲ್ಲಿ ಒಟ್ಟು 23 ಮಂದಿ ಸತ್ತರು. ಯುನೈಟೆಡ್‌ನ ಎಂಟು ಆಟಗಾರರು, ಎಂಟು ಪತ್ರಕರ್ತರು ಅದರಲ್ಲಿ ಸೇರಿದ್ದರು.

ತಪ್ಪು ಯಾರದೆಂದು ಹುಡುಕಿದಾಗ ಎಲ್ಲ ಬೆರಳುಗಳೂ ಬದುಕುಳಿದ ಕ್ಯಾಪ್ಟನ್ ಜೇಮ್ಸ್ ಥೇನ್ ಕಡೆ ತಿರುಗಿದವು. ರೆಕ್ಕೆಗಳ ಮೇಲಿನ ಮಂಜುಗಡ್ಡೆಯನ್ನು ತೆಗೆಸಲಿಲ್ಲ ಎಂಬುದು ಜರ್ಮನ್ ತನಿಖೆಯ ಆರೋಪ. ಕೆಲಸ ಹೋಯಿತು. ಥೇನ್ ಕೋಳಿ ಸಾಕಣೆ ಮಾಡಿಕೊಂಡು, ರನ್‌ವೇಯ ಹಿಮರಾಡಿಯೇ ಕಾರಣವೆಂದು ವಾದಿಸುತ್ತ ಹತ್ತು ವರ್ಷ ಕಳೆದ. 1969ರಲ್ಲಿ ಬ್ರಿಟಿಷ್ ವರದಿ ಅವನು ನಿರ್ದೋಷಿ ಎಂದಿತು. ಹನ್ನೊಂದು ಜನರ ಆಟದಲ್ಲಿ ಗೋಲಿಗೆ ಹೊಣೆ ಕೊನೆಯಲ್ಲಿ ನಿಂತ ಒಬ್ಬನೇ ಎನ್ನುವ ರೂಢಿ ಮೈದಾನದ ಹೊರಗೂ ಇದೆ.

ಸ್ವಿಫ್ಟ್‌ನನ್ನು ವಿಮಾನದ ಅವಶೇಷಗಳಿಂದ ಜೀವಂತವಾಗಿಯೇ ಹೊರತೆಗೆದರು. ಆದರೆ ಆಸನದ ಸೊಂಟಪಟ್ಟಿ ಅವನ ದೇಹದೊಳಗಿನ ಮಹಾಪಧಮನಿಯನ್ನು ಸೀಳಿತ್ತು. ವಿಮಾನ ಒಮ್ಮೆಲೇ ನಿಂತರೂ ದೇಹ ಜಡತ್ವದಿಂದ ಮುಂದಕ್ಕೆ ಧಾವಿಸುತ್ತದೆ. ಆ ಭಾರವನ್ನೆಲ್ಲ ಅಂದು ಹೊತ್ತದ್ದು ಹೊಟ್ಟೆಯ ಮೇಲಿನ ಒಂದು ಕಿರಿದಾದ ಪಟ್ಟಿ. ಆಸ್ಪತ್ರೆಯ ದಾರಿಯಲ್ಲಿ ಪ್ರಾಣ ಹೋಯಿತು. ವಯಸ್ಸು 44. ಬಸ್ಬಿ ಎರಡು ತಿಂಗಳು ಮ್ಯೂನಿಕ್‌ನ ಆಸ್ಪತ್ರೆಯಲ್ಲಿದ್ದು ಬದುಕಿ ಬಂದ. ಅಂದು ಗುರುವಾರ. ಸ್ವಿಫ್ಟ್‌ನ ಪತ್ರಿಕೆ ಹೊರಬರಲು ಇನ್ನೂ ಮೂರು ದಿನಗಳಿದ್ದವು.